ಟ್ಯಾಬ್ ತುಂಬಿದೆ, ಗೇಮ್ ಅಳಿಸಿದರೆ ಮಗನ ಎರಡು ವರ್ಷದ ಆಟವೂ ಹೋಗುತ್ತದೆಯೇ?

ಪ್ರಶ್ನೆ: ಸರ್, ನಮ್ಮ ಮನೆಯಲ್ಲಿ 64 ಜಿಬಿಯ ಆಂಡ್ರಾಯ್ಡ್ ಟ್ಯಾಬ್ ಇದೆ. ಪಾಠಕ್ಕೆಂದು ತಂದದ್ದು, ಈಗ ಅದರಲ್ಲಿ ಮಕ್ಕಳ ಗೇಮ್‌ಗಳದ್ದೇ ಕಾರುಬಾರು. ಮೂರು ವಾರದಿಂದ ‘ಸ್ಟೋರೇಜ್ ತುಂಬಿದೆ’ ಎನ್ನುತ್ತಿದೆ, ಒಂದು ಪಿಡಿಎಫ್ ಇಳಿಸಿಕೊಳ್ಳಲೂ ಆಗುತ್ತಿಲ್ಲ. ನನ್ನ ಫೋಟೋಗಳನ್ನೆಲ್ಲ ಅಳಿಸಿದೆ, ಎರಡೇ ದಿನಕ್ಕೆ ಮತ್ತೆ ಅದೇ ಕತೆ. ಯಾರೋ ಹೇಳಿದರೆಂದು ಕ್ಲೀನರ್ ಆ್ಯಪ್ ಹಾಕಿದೆ. ದಿನಾ ‘2 ಜಿಬಿ ಸ್ವಚ್ಛವಾಯಿತು’ ಎನ್ನುತ್ತದೆ, ಜಾಗ ಮಾತ್ರ ಇದ್ದಷ್ಟೇ ಇದೆ. 128 ಜಿಬಿಯ ಮೆಮೊರಿ ಕಾರ್ಡ್ ಹಾಕಿದರೂ ಗೇಮ್‌ಗಳು ಅದಕ್ಕೆ ಹೋಗುತ್ತಿಲ್ಲ. ಮಗನ ಗೇಮ್ ಸ್ಟೋರ್‌ನಲ್ಲಿ 1 ಜಿಬಿಗಿಂತ ಕಡಿಮೆ ತೋರಿಸಿತ್ತು, ಸೆಟ್ಟಿಂಗ್ಸ್‌ನಲ್ಲಿ ನೋಡಿದರೆ 13 ಜಿಬಿ! ಅಳಿಸೋಣವೆಂದರೆ ಎರಡು ವರ್ಷದ ಆಟ ಹೋಗುತ್ತದೆಂದು ಅಳುತ್ತಾನೆ. ಮಗಳು ಮೈನ್‌ಕ್ರಾಫ್ಟ್‌ನಲ್ಲಿ ಒಂದು ಊರನ್ನೇ ಕಟ್ಟಿದ್ದಾಳೆ. ಅಂಗಡಿಯಲ್ಲಿ ವಿಚಾರಿಸಿದರೆ ಫ್ಯಾಕ್ಟರಿ ರೀಸೆಟ್ ಮಾಡಿಬಿಡಿ ಎಂದರು. ಮಗ ‘ಗೆಸ್ಟ್’ ಆಗಿ ಆಡುತ್ತಿದ್ದಾನಂತೆ, ಅದಕ್ಕೂ ಇದಕ್ಕೂ ಸಂಬಂಧ ಇದೆಯೋ ಇಲ್ಲವೋ ಗೊತ್ತಿಲ್ಲ. ಏನು ಮಾಡಲಿ?

ಉತ್ತರ: ‘ಸಂಬಂಧ ಇದೆಯೋ ಇಲ್ಲವೋ ಗೊತ್ತಿಲ್ಲ’ ಎಂದು ಕೊನೆಗೆ ಸೇರಿಸಿದ್ದೀರಲ್ಲ, ನಿಮ್ಮ ಪತ್ರದಲ್ಲಿ ನನ್ನನ್ನು ಹೆದರಿಸಿದ್ದು ಆ ಒಂದು ಸಾಲು. ಇದನ್ನು ಓದಿ ಮುಗಿಸುವವರೆಗೆ ದಯವಿಟ್ಟು ಟ್ಯಾಬ್‌ನಲ್ಲಿ ಏನನ್ನೂ ಅಳಿಸಬೇಡಿ. ಫ್ಯಾಕ್ಟರಿ ರೀಸೆಟ್ ಅಂತೂ ಬೇಡವೇ ಬೇಡ. ಜಾಗ ಬಿಡಿಸಿಕೊಳ್ಳುವುದು ಒಂದು ಸಂಜೆಯ ಕೆಲಸ. ಗೆಸ್ಟ್ ಆಗಿ, ಅಂದರೆ ಯಾವ ಖಾತೆಯಿಂದಲೂ ಲಾಗಿನ್ ಆಗದೆ, ಆಡಿದ ಎರಡು ವರ್ಷದ ಆಟ ಒಮ್ಮೆ ಅಳಿಸಿಹೋದರೆ ಮಾತ್ರ ಅದನ್ನು ನನ್ನಂಥ ರಿಪೇರಿಯವರು ಯಾರೂ ತಂದುಕೊಡಲಾರರು.

ಹೀಗೇ ಒಬ್ಬ ಹುಡುಗ ತನ್ನ ಚಿಕ್ಕಪ್ಪನ ಜೊತೆ ನನ್ನ ಮೇಜಿನ ಮುಂದೆ ನಿಂತದ್ದು ಇನ್ನೂ ನೆನಪಿದೆ. ಚಿಕ್ಕಪ್ಪ ಒಳ್ಳೆಯ ಮನಸ್ಸಿನಿಂದಲೇ ‘ಕ್ಲಿಯರ್ ಡೇಟಾ’ ಒತ್ತಿದ್ದರು. 9 ಜಿಬಿ ಖಾಲಿಯಾಗಿತ್ತು. ಗೇಮ್ ತೆರೆದರೆ ಮೊದಲನೇ ಲೆವೆಲ್. ಹುಡುಗ ಅಳಲಿಲ್ಲ, ಚಿಕ್ಕಪ್ಪನ ಮುಖವೇ ನೋಡುವ ಹಾಗಿರಲಿಲ್ಲ.

ಆಟ ಬೇರೆ, ಆಟದಲ್ಲಿ ಮಗ ಮುಟ್ಟಿರುವ ಹಂತ ಬೇರೆ. ಟ್ಯಾಬ್‌ನಲ್ಲಿ ಜಾಗ ತಿನ್ನುತ್ತಿರುವುದು ಮೊದಲನೆಯದು. ಎರಡನೆಯದು, ಅಂದರೆ ಲೆವೆಲ್, ಗೆದ್ದ ಸಾಮಾನು, ಸ್ನೇಹಿತರ ಪಟ್ಟಿ, ಆನ್‌ಲೈನ್ ಗೇಮ್ ಆದರೆ ಸಾಮಾನ್ಯವಾಗಿ ಕಂಪನಿಯ ಸರ್ವರ್‌ನಲ್ಲಿ ಇರುತ್ತದೆ. ಟ್ಯಾಬ್‌ನಲ್ಲಿರುವುದು ಅದರ ಬೀಗದ ಕೈ ಮಾತ್ರ. ಗೂಗಲ್ ಖಾತೆಯಿಂದಲೋ ಇಮೇಲ್‌ನಿಂದಲೋ ಲಾಗಿನ್ ಆಗಿದ್ದರೆ ಕೈ ನಿಮ್ಮ ಬಳಿ ಇದೆ, ಗೇಮನ್ನು ಅಳಿಸಿ ಮತ್ತೆ ಹಾಕಿದರೂ ಬಾಗಿಲು ತೆರೆಯುತ್ತದೆ. ಗೆಸ್ಟ್ ಆಗಿ ಆಡಿದರೆ ಆ ಬೀಗದ ಕೈ ಸಾಮಾನ್ಯವಾಗಿ ಗೇಮಿನ ಡೇಟಾ ಒಳಗೇ ಬಿದ್ದಿರುತ್ತದೆ. ಡೇಟಾ ಅಳಿಸಿದರೆ ಅದೂ ಹೋಯಿತು. ಸರ್ವರ್‌ನಲ್ಲಿ ಆಟ ಭದ್ರವಾಗಿಯೇ ಇದ್ದು, ಅದು ನಿಮ್ಮ ಮಗನದ್ದು ಎಂದು ಹೇಳುವ ಗುರುತು ಮಾತ್ರ ಇಲ್ಲದಂತಾಗುತ್ತದೆ.

ಆದ್ದರಿಂದ ಮೊದಲ ಕೆಲಸ ಗೇಮ್ ತೆರೆದು ಅದರೊಳಗಿನ ಸೆಟ್ಟಿಂಗ್ಸ್‌ಗೆ ಹೋಗುವುದು. ‘ಅಕೌಂಟ್’, ‘ಲಿಂಕ್’ ಅಥವಾ ‘ಬೈಂಡ್’ ಎಂಬ ಹೆಸರಿನಲ್ಲಿ ಒಂದು ಜಾಗ ಇರುತ್ತದೆ. ಅಲ್ಲಿ ಗೆಸ್ಟ್ ಖಾತೆಯನ್ನು ಮನೆಯವರ ಒಂದು ಇಮೇಲ್‌ಗೋ ಗೂಗಲ್ ಖಾತೆಗೋ ಜೋಡಿಸಿ. ಪಾಸ್‌ವರ್ಡ್ ನೆನಪಿರುವ ಖಾತೆಯನ್ನೇ ಆರಿಸಿ, ಈ ಮಾತು ಹೇಳಬೇಕಾದದ್ದೇ ಇಲ್ಲ ಅನಿಸಬಹುದು, ಆದರೆ ಹೇಳಬೇಕಾಗಿ ಬರುತ್ತದೆ. ಜೋಡಿಸುವ ಮೊದಲು ಆಟಗಾರನ ಐಡಿ ಸಂಖ್ಯೆ, ಹೆಸರು, ಸರ್ವರ್, ಲೆವೆಲ್ ಇಷ್ಟೂ ಕಾಣುವ ಪುಟದ ಫೋಟೋವನ್ನು ನಿಮ್ಮ ಫೋನಿನಲ್ಲಿ ತೆಗೆದಿಟ್ಟುಕೊಳ್ಳಿ. ಏನಾದರೂ ಎಡವಟ್ಟಾದರೆ ಕಂಪನಿಯ ಸಹಾಯ ವಿಭಾಗ ಮೊದಲು ಕೇಳುವುದು ಆ ಸಂಖ್ಯೆಯನ್ನೇ. ಸಹಾಯ ಸಿಕ್ಕೇ ಸಿಗುತ್ತದೆ ಎಂಬ ಭರವಸೆಯಿಲ್ಲ, ಸಂಖ್ಯೆ ಇಲ್ಲದಿದ್ದರೆ ಮಾತ್ರ ಮಾತೇ ಮುಂದುವರಿಯುವುದಿಲ್ಲ.

ಇಲ್ಲೊಂದು ಅಪಾಯವಿದೆ. ಅದೇ ಇಮೇಲ್‌ನಲ್ಲಿ ಯಾರಾದರೂ ಹಿಂದೆ ಆ ಗೇಮ್ ಆಡಿದ್ದರೆ, ‘ಈ ಖಾತೆಯಲ್ಲಿ ಈಗಾಗಲೇ ಒಂದು ಆಟವಿದೆ, ಯಾವುದನ್ನು ಉಳಿಸಲಿ’ ಎಂಬ ಅರ್ಥದ ಪ್ರಶ್ನೆ ಬರಬಹುದು. ಅವಸರದಲ್ಲಿ ಒತ್ತಿದರೆ 5ನೇ ಲೆವೆಲ್‌ನ ಹಳೆಯ ಆಟ ಬಂದು ಕೂತು, ಮಗನದ್ದು ಪಕ್ಕಕ್ಕೆ ಹೋಗುತ್ತದೆ. ಅಂಥ ಪ್ರಶ್ನೆ ಬಂದರೆ ಹಿಂದೆ ಸರಿದು, ಆ ಗೇಮಿಗೆ ಎಂದೂ ಬಳಸದ ಬೇರೆ ಇಮೇಲ್ ಕೊಡಿ.

ಜೋಡಣೆ ಆಯಿತು ಎಂದು ಗೇಮ್ ಹೇಳಿದರೆ ಸಾಲದು, ಪರೀಕ್ಷಿಸಿ. ನಿಮ್ಮ ಫೋನಿನಲ್ಲಿ ಅದೇ ಗೇಮನ್ನು ಹಾಕಿ ಅದೇ ಖಾತೆಯಿಂದ ಒಳಗೆ ಹೋಗಿ ಮಗನ ಹೆಸರು, ಲೆವೆಲ್ ಕಾಣುತ್ತದೆಯೇ ನೋಡಿ. ಕಂಡರೆ ಇನ್ನು ಟ್ಯಾಬ್‌ನಲ್ಲಿರುವ 13 ಜಿಬಿಯನ್ನು ಧೈರ್ಯವಾಗಿ ಮುಟ್ಟಬಹುದು. ನೋಡಿದ ಮೇಲೆ ಫೋನಿನಿಂದ ಗೇಮನ್ನು ತೆಗೆದುಹಾಕಬಹುದು. ಟ್ಯಾಬ್‌ನಲ್ಲಿ ಅಳಿಸುವ ಮುನ್ನ ಈ ಒಂದು ಪರೀಕ್ಷೆ ತಪ್ಪಿಸಬೇಡಿ ಅಷ್ಟೆ.

ಮಗಳ ವಿಷಯ ತದ್ವಿರುದ್ಧ. ಮೈನ್‌ಕ್ರಾಫ್ಟ್‌ನಲ್ಲಿ ಅವಳು ಕಟ್ಟಿದ ಊರು ಸರ್ವರ್‌ನಲ್ಲಿಲ್ಲ, ಟ್ಯಾಬ್‌ನಲ್ಲೇ ಇದೆ. ರೆಲ್ಮ್ಸ್ ಎಂಬ ಪ್ರತ್ಯೇಕ ಚಂದಾ ಸೇವೆಯಲ್ಲಿ ಕಟ್ಟಿದ್ದರೆ ಮಾತು ಬೇರೆ. ಇಲ್ಲವಾದರೆ ಲಾಗಿನ್ ಆಗಿದ್ದರೂ ಗೇಮ್ ಅನ್‌ಇನ್‌ಸ್ಟಾಲ್ ಆದ ಕ್ಷಣ ಊರೂ ಹೋಗುತ್ತದೆ. ಹಾಗಾಗಿ ಅದನ್ನು ಅಳಿಸುವ ಯೋಚನೆಯೇ ಬೇಡ. ಮುನ್ನೆಚ್ಚರಿಕೆಗೆ ಒಂದು ಪ್ರತಿ ಮಾಡಿಡಿ: ಊರಿನ ಹೆಸರಿನ ಪಕ್ಕದ ಪೆನ್ಸಿಲ್ ಗುರುತು ಒತ್ತಿ ಕೆಳಗೆ ಬಂದರೆ ‘ಎಕ್ಸ್‌ಪೋರ್ಟ್ ವರ್ಲ್ಡ್’ ಎಂದಿರುತ್ತದೆ. ಅದರಿಂದ ಬರುವ ಒಂದೇ ಫೈಲನ್ನು ಮೆಮೊರಿ ಕಾರ್ಡ್‌ನಲ್ಲೋ ಗೂಗಲ್ ಡ್ರೈವ್‌ನಲ್ಲೋ ಇಟ್ಟರೆ, ಮುಂದೆ ಬೇರೆ ಫೋನ್, ಟ್ಯಾಬ್‌ನಲ್ಲಿ ಮೈನ್‌ಕ್ರಾಫ್ಟ್ ಹಾಕಿ ಅದನ್ನು ತೆರೆದರೂ ಊರು ಮರಳುತ್ತದೆ. ನೆಟ್ ಇಲ್ಲದೆಯೂ ಆಡಬಹುದಾದ ಸಣ್ಣಪುಟ್ಟ ಒಗಟಿನ ಗೇಮ್‌ಗಳೂ ಹೆಚ್ಚಾಗಿ ಇದೇ ಜಾತಿಯವು, ಆಡಿದ್ದೆಲ್ಲ ಟ್ಯಾಬ್‌ನಲ್ಲೇ ಇರುತ್ತದೆ.

ಇನ್ನು 1 ಜಿಬಿ 13 ಜಿಬಿ ಆದ ಕತೆ. ಸ್ಟೋರ್ ಸುಳ್ಳು ಹೇಳಿಲ್ಲ. ಅದು ಹೇಳಿದ್ದು ಮೊದಲ ಕಂತಿನ ಲೆಕ್ಕ. ನಾಟಕ ಕಂಪನಿಯ ಮ್ಯಾನೇಜರ್ ಒಂದು ಚೀಲ ಹಿಡಿದು ಮುಂದೆ ಬಂದು, ಪರದೆ–ಪೆಟ್ಟಿಗೆಗಳ ಲಾರಿ ಹಿಂದಿನಿಂದ ಬಂದ ಹಾಗೆ. ಗೇಮನ್ನು ಮೊದಲ ಸಲ ತೆರೆದಾಗ ‘ರಿಸೋರ್ಸ್ ಡೌನ್‌ಲೋಡ್ ಆಗುತ್ತಿದೆ’ ಎಂದು ಒಂದು ಪಟ್ಟಿ ಓಡುತ್ತದಲ್ಲ, ಲಾರಿ ಇಳಿಸುವುದು ಅದೇ. ಈ ಪದ್ಧತಿ ಹಳೆಯದು. ಗೂಗಲ್ ಪ್ಲೇನಲ್ಲಿ ಬಹಳ ವರ್ಷ ಆ್ಯಪ್ ಫೈಲಿಗೆ 100 ಎಂಬಿಯ ಮಿತಿಯಿತ್ತು, ಹೆಚ್ಚಿನ ಸಾಮಾನಿಗೆ ತಲಾ 2 ಜಿಬಿವರೆಗಿನ ಎರಡು ಫೈಲು ಪಕ್ಕದಲ್ಲಿ ಇಡಲು ಅವಕಾಶವಿತ್ತು. 2021ರ ಆಗಸ್ಟ್‌ನಿಂದ ಹೊಸ ಆ್ಯಪ್‌ಗಳಿಗೆ ಆ ಏರ್ಪಾಡು ಬದಲಾಯಿತು. ಆದರೆ ದೊಡ್ಡ ಗೇಮ್‌ಗಳು ತಮ್ಮ ಸರ್ವರ್‌ನಿಂದ ತಾವೇ ಎಳೆದುಕೊಳ್ಳುವುದು ನಿಂತಿಲ್ಲ. ಆ ಭಾಗ ಸ್ಟೋರ್‌ನ ಲೆಕ್ಕಕ್ಕೆ ಬರುವುದಿಲ್ಲ, ಸೆಟ್ಟಿಂಗ್ಸ್‌ನಲ್ಲಿ ‘ಡೇಟಾ’ ಎಂದು ಕಾಣುತ್ತದೆ.

ಅಷ್ಟೊಂದು ಏನಿರುತ್ತದೆ? ಮುಖ್ಯವಾಗಿ ಚಿತ್ರಗಳು. ಆಟದ ಒಂದು ಗೋಡೆಗೆ ಅಂಟಿಸುವ ಚಿತ್ರ 2048 ಅಡ್ಡ, 2048 ಉದ್ದ ಚುಕ್ಕಿಗಳದ್ದು ಎಂದುಕೊಳ್ಳಿ. ಚುಕ್ಕಿಗೆ 4 ಬೈಟ್‌ನಂತೆ ಅದೊಂದೇ 16 ಎಂಬಿ. ಎಎಸ್‌ಟಿಸಿ ಎಂಬ ವಿಧಾನದಲ್ಲಿ ಅದನ್ನು 4 ಎಂಬಿಗೆ, ತುಸು ಸ್ಪಷ್ಟತೆ ಬಿಟ್ಟುಕೊಟ್ಟರೆ 2 ಎಂಬಿಯೊಳಗೆ ಕುಗ್ಗಿಸುತ್ತಾರೆ. ಹಾಗೆ ಕುಗ್ಗಿಸಿದ ಮೇಲೂ ಗೋಡೆ, ಮರ, ಬಟ್ಟೆ, ಆಯುಧ ಎಂದು ಸಾವಿರಾರು ಚಿತ್ರಗಳು. ಅದರ ಮೇಲೆ ಪಾತ್ರಗಳ ಮಾತಿನ ಧ್ವನಿ, ನಡುನಡುವೆ ಬರುವ ವಿಡಿಯೋ. ಪ್ರತಿ ಸೀಸನ್‌ಗೆ ಹೊಸ ನಕ್ಷೆ ಬರುತ್ತದೆ, ಹಳೆಯದು ತಾನಾಗಿ ಹೋಗುವುದಿಲ್ಲ. ಎರಡು ವರ್ಷ ಆಡಿದ ಗೇಮ್ ದಪ್ಪಗಾಗದೆ ಇದ್ದರೇ ಆಶ್ಚರ್ಯ.

ಇಷ್ಟು ತಿಳಿದ ಮೇಲೆ, ‘ಹೈಲಿ ಕಂಪ್ರೆಸ್ಡ್, ಬರೀ 300 ಎಂಬಿ’ ಎಂದು ದೊಡ್ಡ ಗೇಮ್ ಕೊಡುವ ಜಾಲತಾಣಗಳ ಬಣ್ಣ ನಿಮಗೇ ತಿಳಿಯುತ್ತದೆ. ಆಗಲೇ ಹಿಂಡಿ ಇಟ್ಟಿರುವುದನ್ನು ಮತ್ತೆ ಹತ್ತು ಪಟ್ಟು ಹಿಂಡಲು ಬರುವುದಿಲ್ಲ. ಒಂದೋ ಒಳಗಿನ ಸಾಮಾನು ಕಿತ್ತಿರುತ್ತಾರೆ, ಇಲ್ಲವೇ ಬೇಡದ್ದನ್ನು ಸೇರಿಸಿರುತ್ತಾರೆ. ಅಂಥ ಪ್ರತಿಯಲ್ಲಿ ಆಡಿದರೆ ಖಾತೆಯನ್ನೇ ನಿಷೇಧಿಸುವ ಗೇಮ್‌ಗಳಿವೆ. ಮಗ ಹುಡುಕಿ ತಂದರೂ ಬೇಡ ಎನ್ನಿ.

ಫೋಟೋ ಅಳಿಸಿದರೂ ಎರಡು ದಿನಕ್ಕೆ ಮತ್ತೆ ತುಂಬಿದ್ದಕ್ಕೆ ಕಾರಣ ಬಹುಶಃ ಸರಳ. ಜಾಗವಿಲ್ಲದೆ ಬಾಕಿ ಉಳಿದಿದ್ದ ಗೇಮ್ ಅಪ್‌ಡೇಟ್‌ಗಳು ಬಾಗಿಲಲ್ಲೇ ಕಾಯುತ್ತಿದ್ದವು. ನೀವು ಜಾಗ ಕೊಟ್ಟಿರಿ, ಅವು ಬಂದು ಕೂತವು. ನಿಮ್ಮ ಫೋಟೋ ಹೋಯಿತು, ಗೇಮ್ ಗೆದ್ದಿತು. ಅಂದಹಾಗೆ ಆ ಫೋಟೋಗಳು ಬೇಕಾದವಾಗಿದ್ದರೆ ಗೂಗಲ್ ಫೋಟೋಸ್‌ನ ಟ್ರ್ಯಾಶ್ ಈಗಲೇ ನೋಡಿ. ಬ್ಯಾಕಪ್ ಆದವು 60 ದಿನ, ಆಗದವು 30 ದಿನ ಅಲ್ಲಿ ಇರುತ್ತವೆ.

ಕ್ಲೀನರ್ ಆ್ಯಪ್ ಬಗ್ಗೆ ಹೆಚ್ಚು ಬರೆಯುವುದಿಲ್ಲ, ತೆಗೆದುಹಾಕಿ. ಒಂದು ಆ್ಯಪ್ ಇನ್ನೊಂದು ಆ್ಯಪ್‌ನ ಒಳಗಿನ ಕ್ಯಾಶೆಗೆ, ಅಂದರೆ ತಾತ್ಕಾಲಿಕ ಫೈಲುಗಳಿಗೆ, ಸುಮ್ಮನೆ ಕೈ ಹಾಕಲು ಈಗಿನ ಆಂಡ್ರಾಯ್ಡ್ ಬಿಡುವುದಿಲ್ಲ. ಅದು ಹೆಮ್ಮೆಯಿಂದ ತೋರಿಸುವ 2 ಜಿಬಿ ಬಹಳ ಸಲ ರ‍್ಯಾಮ್‌ನದ್ದು. ರ‍್ಯಾಮ್ ಎಂದರೆ ಕೆಲಸ ಮಾಡುವ ಮೇಜು, ಸ್ಟೋರೇಜ್ ಎಂದರೆ ಬೀರು. ಮೇಜು ಒರೆಸಿದರೆ ಬೀರು ಖಾಲಿಯಾಗುವುದಿಲ್ಲ.

ಕ್ಯಾಶೆ, ಡೇಟಾ ಇವೆರಡರ ಗೊಂದಲವೇ ಹೆಚ್ಚು ಅನಾಹುತ ಮಾಡುವುದರಿಂದ ಅದನ್ನು ಬಿಡಿಸಿ ಹೇಳುತ್ತೇನೆ. ಕ್ಯಾಶೆ ರಫ್ ಪುಸ್ತಕ. ಹರಿದು ಹಾಕಿದರೆ ಗೇಮ್ ಮತ್ತೆ ಬರೆದುಕೊಳ್ಳುತ್ತದೆ, ಮಗನ ಆಟಕ್ಕೆ ಏನೂ ಆಗುವುದಿಲ್ಲ. ಡೇಟಾ ಉತ್ತರ ಪತ್ರಿಕೆ. ಅದರಲ್ಲಿ ಇಳಿಸಿಕೊಂಡ ಸಾಮಾನೂ ಇದೆ, ಲಾಗಿನ್ ಗುರುತೂ ಇದೆ. ಸೆಟ್ಟಿಂಗ್ಸ್‌ನಲ್ಲಿ ಆ್ಯಪ್ ಹೆಸರು ಒತ್ತಿ ಸ್ಟೋರೇಜ್‌ಗೆ ಹೋದರೆ ಇವೆರಡನ್ನೂ ಅಳಿಸುವ ಗುಂಡಿಗಳನ್ನು ಅಕ್ಕಪಕ್ಕದಲ್ಲೇ ಇಟ್ಟಿದ್ದಾರೆ, ಇಟ್ಟವರಿಗೆ ಮಕ್ಕಳಿರಲಿಲ್ಲವೇನೋ. ಕ್ಯಾಶೆ ಅಳಿಸುವುದು ನಿರಪಾಯ, ಆದರೆ ಅದರಿಂದ ಬಹಳ ನಿರೀಕ್ಷಿಸಬೇಡಿ. ಜಾಗ ತೀರಾ ಕಡಿಮೆಯಾದಾಗ ಆಂಡ್ರಾಯ್ಡ್ ತಾನೇ ಅದನ್ನು ಅಳಿಸುತ್ತದೆ. ನಿಮ್ಮ ಟ್ಯಾಬ್‌ನಲ್ಲಿ ಈಗಾಗಲೇ ಅಳಿಸಿರುವ ಸಂಭವವೇ ಹೆಚ್ಚು.

ಈಗ ನಿಜವಾದ ದಾರಿಗಳು. ನಾನು ಮೊದಲು ಹಿಡಿಯುವುದು ಗೇಮಿನ ಒಳಗಿನ ದಾರಿಯನ್ನು. ದೊಡ್ಡ ಆನ್‌ಲೈನ್ ಗೇಮ್‌ಗಳಲ್ಲಿ ಬಹುತೇಕ ‘ಡೌನ್‌ಲೋಡ್’ ಅಥವಾ ‘ರಿಸೋರ್ಸ್ ಮ್ಯಾನೇಜ್‌ಮೆಂಟ್’ ಎಂಬ ಪುಟ ಇರುತ್ತದೆ. ಆಡದ ನಕ್ಷೆ, ಮುಗಿದ ಕತೆಯ ಭಾಗ, ಕೇಳದ ಭಾಷೆಯ ಧ್ವನಿ, ಎಚ್‌ಡಿ ಚಿತ್ರಗಳು ಎಂದು ಒಂದೊಂದರ ಗಾತ್ರವೂ ಅಲ್ಲಿ ಕಾಣುತ್ತದೆ, ಬೇಡದ್ದನ್ನು ಅಲ್ಲೇ ಅಳಿಸಬಹುದು. ಈ ಕೆಲಸವನ್ನು ಮಗನ ಕೈಯಲ್ಲೇ ಮಾಡಿಸಿ, ಯಾವುದು ಬೇಕು ಯಾವುದು ಬೇಡ ಎನ್ನುವುದು ನಮಗಿಂತ ಅವನಿಗೆ ಗೊತ್ತು. ಅಪಾಯ ಇಷ್ಟೇ, ಮತ್ತೆ ಬೇಕೆನಿಸಿದರೆ ಮತ್ತೆ ಇಳಿಸಿಕೊಳ್ಳಬೇಕು.

ಅಂಥ ಪುಟ ಇಲ್ಲದಿದ್ದರೆ ಅಥವಾ ಅಳಿಸಿದರೂ ಸಾಲದಿದ್ದರೆ, ಖಾತೆ ಜೋಡಿಸಿ ಪರೀಕ್ಷೆ ಮುಗಿಸಿದ ನಂತರ ಗೇಮನ್ನು ಅನ್‌ಇನ್‌ಸ್ಟಾಲ್ ಮಾಡಿ ಹೊಸದಾಗಿ ಹಾಕಿ. ಅಪ್‌ಡೇಟ್‌ಗಳ ಮೇಲೆ ಅಪ್‌ಡೇಟ್ ಬಂದು ಉಳಿದ ಹಳೆಯ ಕಸ ಇದರಿಂದ ಹೋಗುತ್ತದೆ. ಅನ್‌ಇನ್‌ಸ್ಟಾಲ್ ಮಾಡುವಾಗ ‘ಆ್ಯಪ್ ಡೇಟಾ ಉಳಿಸಲೇ’ ಎಂದು ಕೆಲವು ಆ್ಯಪ್‌ಗಳಲ್ಲಿ ಒಂದು ಚೌಕ ಬರುತ್ತದೆ, ಜಾಗ ಬೇಕಿದ್ದರೆ ಅದಕ್ಕೆ ಟಿಕ್ ಹಾಕಬಾರದು. ಹಣ ಕೊಟ್ಟು ಕೊಂಡ ಗೇಮ್ ಆದರೆ ಅದೇ ಪ್ಲೇ ಸ್ಟೋರ್ ಖಾತೆಯಲ್ಲಿ ಮತ್ತೆ ಹಣ ಕೊಡಬೇಕಿಲ್ಲ.

ಫೈಲ್ ಮ್ಯಾನೇಜರ್‌ನಲ್ಲಿ ಆಂಡ್ರಾಯ್ಡ್ ಫೋಲ್ಡರ್ ಒಳಗೆ ಗೇಮಿನ ಫೈಲುಗಳಿರುವ ‘ಡೇಟಾ’, ‘ಒಬಿಬಿ’ ಎಂಬ ಫೋಲ್ಡರ್‌ಗಳಿಗೆ ಹೋಗಿ ಕೈಯಾರೆ ಅಳಿಸಿ ಎಂದು ಯಾರಾದರೂ ಹೇಳಬಹುದು. ಆಂಡ್ರಾಯ್ಡ್ 11ರಿಂದ ಆ ಫೋಲ್ಡರ್‌ಗಳಿಗೆ ಬೇಲಿ ಹಾಕಿದ್ದಾರೆ, ಹಾಕಿದ್ದು ಒಳ್ಳೆಯದೇ ಆಯಿತು. ಅರ್ಧ ಅಳಿಸಿದ ಗೇಮ್ ಮಧ್ಯೆ ಮಧ್ಯೆ ಮುಚ್ಚಿಹೋಗುತ್ತದೆ, ಇಲ್ಲವೇ ಕಾಣೆಯಾದದ್ದನ್ನೆಲ್ಲ ಮತ್ತೆ ಇಳಿಸಿಕೊಳ್ಳುತ್ತದೆ.

ಆರ್ಕೈವ್ ಎಂಬ ಇನ್ನೊಂದು ಸೌಲಭ್ಯವಿದೆ. 2023ರಲ್ಲಿ ಪ್ಲೇ ಸ್ಟೋರ್‌ಗೆ ಸ್ವಯಂಚಾಲಿತವಾಗಿ ಬಂತು, ಆಂಡ್ರಾಯ್ಡ್ 15ರಲ್ಲಿ ಪ್ರತಿ ಆ್ಯಪ್‌ಗೂ ಗುಂಡಿಯೇ ಬಂದಿದೆ. ಐಪ್ಯಾಡ್‌ನಲ್ಲಿ 2017ರಿಂದ ಇರುವ ‘ಆಫ್‌ಲೋಡ್’ ಕೂಡ ಇದೇ ಬಗೆಯದು. ಆ್ಯಪ್‌ನ ಮೂಲ ಫೈಲು ಹೋಗುತ್ತದೆ, ಡೇಟಾ ಉಳಿಯುತ್ತದೆ. ಹಾಗಾಗಿ ತಿಂಗಳಿಗೊಮ್ಮೆ ತೆರೆಯುವ ಸಣ್ಣ ಗೇಮ್‌ಗಳಿಗೆ ಇದು ಸೊಗಸಾದ ಉಪಾಯ. ನಿಮ್ಮ 13 ಜಿಬಿಗೆ ಮಾತ್ರ ಉಪಯೋಗವಿಲ್ಲ. ಅಲ್ಲಿ ಭಾರವೆಲ್ಲ ಡೇಟಾದಲ್ಲೇ ಇದೆ, ಆರ್ಕೈವ್ ಮುಟ್ಟುವುದು ಉಳಿದ ಚೂರನ್ನು.

ಮೆಮೊರಿ ಕಾರ್ಡ್‌ಗೆ ನೀವು ಹಾಕಿದ ಹಣ ವ್ಯರ್ಥವಲ್ಲ, ಆದರೆ ಅದಕ್ಕೆ ಹೇಳಿದ ಕೆಲಸ ತಪ್ಪು. ಕಾರ್ಡನ್ನೇ ಒಳಗಿನ ಸ್ಟೋರೇಜ್‌ನ ಭಾಗ ಮಾಡಿಕೊಳ್ಳುವ ವ್ಯವಸ್ಥೆ 2015ರಲ್ಲಿ ಆಂಡ್ರಾಯ್ಡ್ 6 ಜೊತೆ ಬಂತು, ಆದರೆ ಹಲವು ತಯಾರಕರು ತಮ್ಮ ಸಾಧನಗಳಲ್ಲಿ ಅದನ್ನು ಮುಚ್ಚಿಟ್ಟಿದ್ದಾರೆ. ನಿಮ್ಮದೂ ಹಾಗಿರಬೇಕು. ತೆರೆದಿದ್ದರೂ ನಾನು ಒತ್ತಾಯಿಸುತ್ತಿರಲಿಲ್ಲ. ಹಾಗೆ ಮಾಡಿದಾಗ ಕಾರ್ಡ್ ಪೂರ್ತಿ ಫಾರ್ಮ್ಯಾಟ್ ಆಗಿ, ಆ ಒಂದು ಟ್ಯಾಬ್‌ಗೆ ಬೀಗ ಬಿದ್ದಂತಾಗುತ್ತದೆ, ಬೇರೆ ಕಡೆ ಓದಲು ಬರುವುದಿಲ್ಲ. ಕಾರ್ಡ್ ಕೆಟ್ಟರೆ ಗೇಮ್‌ಗಳೂ ಜೊತೆಗೇ ಹೋಗುತ್ತವೆ. ವೇಗವೂ ಸಾಲದು. ಕಾರ್ಡ್ ಮೇಲೆ ಎ1 ಎಂದಿದ್ದರೆ ಸೆಕೆಂಡಿಗೆ ಕನಿಷ್ಠ 1500 ಸಲ ಅಲ್ಲಿಂದಿಲ್ಲಿಂದ ಓದಿ 500 ಸಲ ಬರೆಯಬಲ್ಲದು ಎಂದರ್ಥ, ಎ2 ಎಂದಿದ್ದರೆ 4000 ಮತ್ತು 2000. ಈ ಗುರುತೇ ಇಲ್ಲದ ಕಾರ್ಡ್‌ನಲ್ಲಿ ದೊಡ್ಡ ಗೇಮ್ ಓಡಿಸಿದರೆ ಎದುರಾಳಿ ಹೊಡೆದು ಹೋದ ಮೇಲೆ ಅವನ ಚಿತ್ರ ಬರುತ್ತದೆ. ಕಾರ್ಡ್‌ಗೆ ಫೋಟೋ, ವಿಡಿಯೋ, ಪಾಠದ ಪಿಡಿಎಫ್‌ಗಳನ್ನು ಸಾಗಿಸಿ, ಅವಕ್ಕೆ ಆ ವೇಗ ಧಾರಾಳ.

ವಿಡಿಯೋ ಎಂದಾಗ ನೆನಪಾಯಿತು. ಮಗ ಆಟವನ್ನು ಸ್ಕ್ರೀನ್ ರೆಕಾರ್ಡ್ ಮಾಡುವ ಅಭ್ಯಾಸದವನೇ ಕೇಳಿ. ಸೆಕೆಂಡಿಗೆ 8 ಮೆಗಾಬಿಟ್‌ನಂತೆ ಹಿಡಿದರೂ ನಿಮಿಷಕ್ಕೆ 60 ಎಂಬಿ, ಅರ್ಧ ಗಂಟೆಗೆ 1.8 ಜಿಬಿ. ಗೇಮ್ ತಿಂದಿದೆ ಎಂದು ನಾವು ಬೈಯುವ ಜಾಗದಲ್ಲಿ ಇಂಥ ವಿಡಿಯೋಗಳದ್ದೂ ದೊಡ್ಡ ಪಾಲು ಇರುವುದುಂಟು. ಹಾಗೆಯೇ ಟ್ಯಾಬ್‌ನಲ್ಲಿ ಇಬ್ಬರು ಮಕ್ಕಳಿಗೂ ಬೇರೆ ಬೇರೆ ಯೂಸರ್ ಮಾಡಿದ್ದೀರಾ ನೋಡಿ. ಒಬ್ಬರ ಖಾತೆಯಲ್ಲಿ ಗೇಮ್ ಅಳಿಸಿದರೆ ಇನ್ನೊಬ್ಬರ ಖಾತೆಯಲ್ಲಿ ಅದು ಉಳಿದಿರುತ್ತದೆ, ಇಬ್ಬರ ಡೇಟಾವೂ ಬೇರೆ ಬೇರೆ.

ಎಷ್ಟು ಖಾಲಿಯಾದರೆ ಸಾಕು? 64 ಜಿಬಿ ಎಂದು ಪೆಟ್ಟಿಗೆಯ ಮೇಲೆ ಬರೆದದ್ದು ಸಾವಿರದ ಲೆಕ್ಕ. 1024ರ ಲೆಕ್ಕದಲ್ಲಿ ಅದು 59.6. ಅದರಿಂದ ಆಂಡ್ರಾಯ್ಡ್ ತನ್ನ ಪಾಲು ಕಳೆದುಕೊಳ್ಳುತ್ತದೆ. ಉಳಿದದ್ದರಲ್ಲಿ 6ರಿಂದ 8 ಜಿಬಿ ಸದಾ ಖಾಲಿ ಇಡಿ ಎಂಬುದು ನನ್ನ ಸಲಹೆ, ಅದಕ್ಕೆ ಎರಡು ಕಾರಣ. ಅಪ್‌ಡೇಟ್ ಇಳಿಯುವಾಗ ಹಳೆಯದೂ ಹೊಸದೂ ಸ್ವಲ್ಪ ಹೊತ್ತು ಒಟ್ಟಿಗೆ ಇರಬೇಕಾಗುತ್ತದೆ, ಹಾಗಾಗಿ 2 ಜಿಬಿಯ ಅಪ್‌ಡೇಟ್‌ಗೆ 2 ಜಿಬಿ ಖಾಲಿ ಇದ್ದರೆ ಸಾಲದೇ ಹೋಗಬಹುದು. ಇನ್ನೊಂದು, ಟ್ಯಾಬ್‌ನ ಫ್ಲ್ಯಾಶ್ ಮೆಮೊರಿಗೆ ಹಳೆಯದನ್ನು ಅಳಿಸಿ ಹೊಸದನ್ನು ಬರೆಯಲು ಖಾಲಿ ಕೋಣೆಗಳು ಬೇಕು. ಅವು ಇಲ್ಲದಾಗ ಪ್ರತಿ ಸಣ್ಣ ಬರಹಕ್ಕೂ ಒಳಗೆ ಸಾಮಾನು ಸರಿಸಾಡುತ್ತ ಟ್ಯಾಬ್ ಪೂರ್ತಿ ಮಂದವಾಗುತ್ತದೆ.

ಜಾಗ ಸಿಕ್ಕಿದ ಮೇಲೆ ಮತ್ತೆ ತುಂಬದಿರಲು ಪ್ಲೇ ಸ್ಟೋರ್‌ನಲ್ಲಿ ಮಗನ ಗೇಮಿನ ಪುಟ ತೆರೆದು, ಮೇಲಿನ ಮೂರು ಚುಕ್ಕಿ ಒತ್ತಿ ‘ಆಟೊ ಅಪ್‌ಡೇಟ್’ ಟಿಕ್ ತೆಗೆಯಿರಿ. ಆ ಒಂದು ಗೇಮಿಗೆ ಮಾತ್ರ, ಉಳಿದ ಆ್ಯಪ್‌ಗಳಿಗೆ ಬೇಡ. ಆನ್‌ಲೈನ್ ಗೇಮ್ ಅಪ್‌ಡೇಟ್ ಇಲ್ಲದೆ ತೆರೆಯುವುದಿಲ್ಲ ಎಂದು ಮಗ ತಕರಾರು ತೆಗೆಯುತ್ತಾನೆ, ಅವನು ಹೇಳುವುದು ಸರಿ. ಆದರೆ ಆಗ ಅಪ್‌ಡೇಟ್ ನಿಮ್ಮ ಕಣ್ಣೆದುರು, ಜಾಗ ನೋಡಿಕೊಂಡು ನಡೆಯುತ್ತದೆ.

ಫ್ಯಾಕ್ಟರಿ ರೀಸೆಟ್‌ನಿಂದ ಜಾಗ ಸಿಗುವುದು ನಿಜ, ಎಲ್ಲವನ್ನೂ ಅಳಿಸಿದರೆ ಯಾರಿಗಾದರೂ ಜಾಗ ಸಿಗುತ್ತದೆ. ಅದೇ ಗೇಮ್‌ಗಳನ್ನು ಮತ್ತೆ ಹಾಕಿದರೆ ಲಾರಿಗಳು ಮತ್ತೆ ಬರುತ್ತವೆ. ಟ್ಯಾಬ್ ತಾನಾಗಿ ಆಫ್ ಆಗುತ್ತಿದ್ದರೆ, ಎಲ್ಲ ಆ್ಯಪ್‌ಗಳೂ ಕೆಡುತ್ತಿದ್ದರೆ ಆ ಮಾತು ಎತ್ತಬಹುದಿತ್ತು. ನಿಮ್ಮದು ಅಂಥ ಕಾಯಿಲೆಯಲ್ಲ.

ಇವತ್ತು ಸಂಜೆ ಮಗನನ್ನು ಪಕ್ಕದಲ್ಲಿ ಕೂರಿಸಿಕೊಂಡು ಶುರು ಮಾಡಿ. ಮೊದಲು ಅವನ ಐಡಿಯ ಫೋಟೋ, ಆಮೇಲೆ ಲಿಂಕ್, ಆಮೇಲೆ ನಿಮ್ಮ ಫೋನಿನಲ್ಲಿ ಪರೀಕ್ಷೆ. ಲಿಂಕ್ ಮಾಡುವಾಗ ಅರ್ಥವಾಗದ ಸಂದೇಶ ಏನಾದರೂ ಬಂದರೆ ‘ಓಕೆ’ ಒತ್ತದೆ ಹಾಗೇ ಬಿಟ್ಟು, ಅದರ ಫೋಟೋ ಮತ್ತು ಗೇಮಿನ ಹೆಸರು ನನಗೆ ಬರೆದು ಕಳುಹಿಸಿ.